ಬುರ್ರಕಥಾ ಈರಮ್ಮ: ಏಳು ಸಾವಿರ ಪುಟ ಬಾಯಲ್ಲಿಟ್ಟುಕೊಂಡ ಅಲೆಮಾರಿ

1970ರ ದಶಕದ ಕೊನೆಗೆ ಅಮೆರಿಕದಲ್ಲಿ ಹಾರರ್ ಪಂಕ್ ಅನ್ನೋ ಸಂಗೀತ ಹುಟ್ಟಿತು. ತಲೆಬುರುಡೆಯ ಗುರುತು, ಪ್ರೇತ-ಪಿಶಾಚಿಗಳ ಹಾಡು, ಎದೆಗೆ ಗುದ್ದುವ ಡ್ರಮ್. ಕೂಡ್ಲಿಗಿ, ಕೊಟ್ಟೂರು, ಹಗರಿಬೊಮ್ಮನಹಳ್ಳಿ, ಹಡಗಲಿ, ಹರಪನಹಳ್ಳಿ ಕಡೆಯ ಹುಡುಗರು ಇವತ್ತು ಅದನ್ನ ಮೊಬೈಲಲ್ಲಿ ನೋಡಿ ಬೆರಗಾಗ್ತಾರೆ. ಆದ್ರೆ ಕೂಡ್ಲಿಗಿಯ ಪಕ್ಕದ ಸಂಡೂರು ತಾಲೂಕಿನ ದರೋಜಿಯಲ್ಲಿ ಒಬ್ಬ ಹೆಣ್ಣುಮಗಳು ಅದಕ್ಕೂ ಎಷ್ಟೋ ಮೊದಲೇ ತಾಳ ಹಿಡಿದು, ರಾತ್ರಿಯಿಡೀ ಜನರನ್ನ ನಡುಗಿಸಿ, ಅಳಿಸಿ, ನಗಿಸ್ತಿದ್ದಳು. ಅವಳೇ ಬುರ್ರಕಥಾ ಈರಮ್ಮ.

ಬುರ್ರ ಅಂದ್ರೆ ತೆಲುಗಿನಲ್ಲಿ ತಲೆಬುರುಡೆ. ತಂಬೂರಿಯ ಬುರುಡೆಯಿಂದ ಈ ಕಲೆಗೆ ಆ ಹೆಸರು ಬಂತು ಅಂತಾರೆ. ಮುಖ್ಯ ಕಥೆಗಾರರ ಹೆಗಲಿಗೆ ತಂಬೂರಿ, ಬೆರಳಿಗೆ ಲೋಹದ ಉಂಗುರ. ಅಕ್ಕಪಕ್ಕದಲ್ಲಿ ಚರ್ಮವಾದ್ಯ ಬಾರಿಸುತ್ತಾ ಸೊಲ್ಲು ಕೂಡಿಸುವವರು. ಕಥೆಯಲ್ಲಿ ಯುದ್ಧ ಬಂದ್ರೆ ಪೆಟ್ಟು ಬಿರುಸು, ಸಾವು ಬಂದ್ರೆ ನಿಧಾನ.

ಈರಮ್ಮ ಹುಟ್ಟಿದ್ದು ಬುಡ್ಗ ಜಂಗಮ ಎಂಬ ಅಲೆಮಾರಿ ಪರಿಶಿಷ್ಟ ಜಾತಿಯಲ್ಲಿ. ಓದು-ಬರಹ ಬರಲಿಲ್ಲ. ಮನೆಯ ಹಿರಿಯರ ಬಾಯಿಂದಲೇ ಕಲಿತಳು. 12 ಮಹಾಕಾವ್ಯಗಳು ಅವಳ ನೆನಪಿನಲ್ಲಿದ್ದವು. ಅಚ್ಚಿಗಿಳಿಸಿದರೆ ಸುಮಾರು 7000 ಪುಟ.

ಆ ಕಥೆಗಳನ್ನ ನೋಡಿ. ಬಾಲನಾಗಮ್ಮನ ಕಥೆಯಲ್ಲಿ ಮಾಂತ್ರಿಕನೊಬ್ಬ ಹೆಣ್ಣನ್ನು ನಾಯಿಯಾಗಿಸಿ ಹೊತ್ತೊಯ್ತಾನೆ. ಅವನ ಜೀವ ಇರೋದು ಸಮುದ್ರದಾಚೆಯ ಗಿಳಿಯೊಂದರಲ್ಲಿ. ಕುಮಾರರಾಮನ ಕಥೆಯಲ್ಲಿ ಮಲತಾಯಿಯ ಮೋಹ ಒಪ್ಪದ ರಾಜಕುಮಾರನ ತಲೆಯನ್ನೇ ತಂದೆ ಕೇಳ್ತಾನೆ. 14ನೇ ಶತಮಾನದ ಕಂಪಿಲಿ ರಾಜ್ಯದ ಈ ವೀರ ಇದೇ ನೆಲದವನು. ಅರಮನೆಯ ಕವಿಗಳಷ್ಟೇ ಅಲ್ಲ, ಮನೆಯೇ ಇಲ್ಲದ ಜನರೂ ಅವನನ್ನ ಉಳಿಸಿದ್ದಾರೆ.

ಬುರ್ರಕಥೆಗೆ ರಾಜಕೀಯವೂ ಹೊಸದಲ್ಲ. ಸ್ವಾತಂತ್ರ್ಯಪೂರ್ವದಲ್ಲಿ ತೆಲುಗು ನಾಡಿನ ಪ್ರಜಾನಾಟ್ಯ ಮಂಡಳಿ ಇದನ್ನು ಜಮೀನ್ದಾರಿಕೆಯ ವಿರುದ್ಧ ಬಳಸಿತು. ಹೆದರಿದ ಬ್ರಿಟಿಷ್ ಸರ್ಕಾರ ಮದ್ರಾಸ್ ಪ್ರಾಂತ್ಯದಲ್ಲಿ, ನಿಜಾಮ ಹೈದರಾಬಾದಿನಲ್ಲಿ ಇದನ್ನು ನಿಷೇಧಿಸಿದರು. 1953ರವರೆಗೆ ಬಳ್ಳಾರಿ ಜಿಲ್ಲೆ ಇದ್ದದ್ದೂ ಅದೇ ಮದ್ರಾಸಿನಲ್ಲಿ.

ಈರಮ್ಮನಿಗೆ ಗೌರವ ತಡವಾಗಿ ಬಂತು. 1999ರಲ್ಲಿ ರಾಜ್ಯೋತ್ಸವ ಪ್ರಶಸ್ತಿ, 2003ರಲ್ಲಿ ಹಂಪಿ ಕನ್ನಡ ವಿಶ್ವವಿದ್ಯಾಲಯದ ನಾಡೋಜ. ಶಾಲೆಯ ಮೆಟ್ಟಿಲು ಹತ್ತದವಳಿಗೆ ವಿಶ್ವವಿದ್ಯಾಲಯವೇ ಶಾಲು ಹೊದಿಸಿತು. ಅವಳ ಕಾವ್ಯಗಳು ಪುಸ್ತಕವಾದವು. 2014ರ ಆಗಸ್ಟ್ 12ರಂದು ಅವಳು ತೀರಿಕೊಂಡಳು. ಆಗ ಎಂಬತ್ತರ ಆಚೀಚೆ ವಯಸ್ಸು.

ಇಲ್ಲಿಗೆ ಕಥೆ ಮುಗಿಸಿಬಿಟ್ರೆ ಸರ್ಕಾರಿ ಶ್ರದ್ಧಾಂಜಲಿ ಆಗುತ್ತೆ. ಮುಗಿಸೋಕಾಗಲ್ಲ. ಪರಿಶಿಷ್ಟ ಜಾತಿ ಪಟ್ಟಿಯಲ್ಲಿ ಬೇಡ ಜಂಗಮ, ಬುಡ್ಗ ಜಂಗಮ ಒಟ್ಟಿಗೇ ಇವೆ. ಜಂಗಮ ಅನ್ನೋ ಪದದ ಹೋಲಿಕೆ ಹಿಡಿದು, ಮಠ-ಪೀಠಗಳ ಪರಂಪರೆಯ ಜಾತಿಯವರೂ ಆ ಪ್ರಮಾಣಪತ್ರ ಕೇಳುತ್ತಾ ಬಂದಿದ್ದಾರೆ. ಆ ಹಕ್ಕೊತ್ತಾಯಕ್ಕೆ ಸಮಾವೇಶ, ಶಾಸಕರು, ವಕೀಲರು ಎಲ್ಲ ಇದ್ದಾರೆ. ಊರಾಚೆ ಗುಡಿಸಲು ಹಾಕಿದ ಬುಡ್ಗ ಜಂಗಮರ ಹತ್ತಿರ ಏನಿದೆ? ನಿಂತ ನೆಲದ ದಾಖಲೆಯೂ ಸಿಗದ ಅಲೆಮಾರಿಗೆ ತಾನು ಯಾರೆಂದು ಸಾಬೀತು ಮಾಡೋದೇ ದೊಡ್ಡ ಕೆಲಸ.

ಒಬ್ಬ ಈರಮ್ಮನನ್ನ ವೇದಿಕೆಗೆ ಹತ್ತಿಸಿ, ಅವಳ ಕೇರಿಯನ್ನ ಊರ ಹೊರಗೇ ಬಿಡೋದು ನಮ್ಮ ಹಳೇ ಚಾಳಿ. ಕಲೆ ಉಳಿಸಿ ಅಂತ ಭಾಷಣ ಮಾಡ್ತೀವಿ. ಭಿಕ್ಷೆ ಬೇಡುತ್ತಾ ಆ ಕಲೆ ಹೊತ್ತವರ ಮಕ್ಕಳು ಅದನ್ನ ಯಾಕೆ ಮುಂದುವರಿಸಬೇಕು? ಅವರಿಗೆ ಮೊದಲು ಸೈಟು, ಶಾಲೆ, ಅವರದೇ ಪ್ರಮಾಣಪತ್ರ ಸಿಗಲಿ. ಆಮೇಲೆ ತಂಬೂರಿ ಹಿಡಿಯೋದೋ ಡ್ರಮ್‌ಸ್ಟಿಕ್ ಹಿಡಿಯೋದೋ ಅವರೇ ತೀರ್ಮಾನಿಸಲಿ.