ಕಾರಂತರು ಬಿಟ್ಟುಹೋದ ಆಸ್ತಿ

ಉಡುಪಿಯಿಂದ ಕುಂದಾಪುರದ ಕಡೆಗೆ ಹೋಗುವಾಗ ಬ್ರಹ್ಮಾವರ ದಾಟಿದ ಮೇಲೆ ಸಾಲಿಗ್ರಾಮ, ಅದರಾಚೆ ಕೋಟ. ಈ ದಾರಿಯಲ್ಲಿ ನೀವು ಎಷ್ಟೋ ಸಲ ಬಸ್ಸಿನಲ್ಲಿ ಸಾಗಿರಬಹುದು. ಡಾ. ಶಿವರಾಮ ಕಾರಂತರು 1902ರ ಅಕ್ಟೋಬರ್ 10ರಂದು ಹುಟ್ಟಿದ್ದು ಈ ಕೋಟದಲ್ಲಿ. ಇಳಿವಯಸ್ಸಿನಲ್ಲಿ ಅವರು ಬಂದು ನೆಲೆಸಿದ್ದು ಸಾಲಿಗ್ರಾಮದಲ್ಲಿ.

ಗಾಂಧೀಜಿಯವರ ಕರೆಗೆ ಓಗೊಟ್ಟು ಕಾಲೇಜು ಬಿಟ್ಟ ತರುಣ ಅವರು. 1933ರಲ್ಲಿ ‘ಚೋಮನ ದುಡಿ’ ಬರೆದರು. ತುಂಡು ಭೂಮಿಗಾಗಿ ಹಂಬಲಿಸಿ, ಮತಾಂತರವಾಗಲೆಂದು ಪಾದ್ರಿಯ ಮನೆಯತ್ತ ಹೊರಟು, ಅರ್ಧದಾರಿಯಿಂದ ಮರಳುವ ಚೋಮನನ್ನು ಮರೆಯುವುದುಂಟೇ? ಹಸಿದವನ ಮನಸ್ಸನ್ನು ನಾವು ಎಷ್ಟು ಅರಿತಿದ್ದೇವೆ ಎಂಬ ಪ್ರಶ್ನೆಯನ್ನು ಆ ಕಥೆ ನಮ್ಮ ಮುಂದೆಯೂ ಇಡುತ್ತದೆ. 1977ರಲ್ಲಿ ‘ಮೂಕಜ್ಜಿಯ ಕನಸುಗಳು’ ಕಾದಂಬರಿಗಾಗಿ ಅವರಿಗೆ ಜ್ಞಾನಪೀಠ ಪ್ರಶಸ್ತಿ ಬಂತು.

ಯಕ್ಷಗಾನ ಅವರಿಗೆ ಹಿರಿಯರಿಂದ ಬಂದ ಸೊತ್ತು. ಅದು ಕೆಡುತ್ತಿದೆ ಎಂದು ಕಂಡಾಗ ಅವರು ಅಳುತ್ತಾ ಕೂರಲಿಲ್ಲ. ಊರೂರು ಅಲೆದು ಅದರ ರಾಗ, ತಾಳ, ವೇಷಗಳನ್ನು ಅಭ್ಯಾಸ ಮಾಡಿ ‘ಯಕ್ಷಗಾನ ಬಯಲಾಟ’ ಎಂಬ ಗ್ರಂಥ ಬರೆದರು. ಅದಕ್ಕೆ 1959ರಲ್ಲಿ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಲಭಿಸಿತು. ಇಡೀ ರಾತ್ರಿಯ ಆಟವನ್ನು ಕೆಲವೇ ಗಂಟೆಗಳಿಗೆ ಇಳಿಸಿದರು, ಪಿಟೀಲು, ಸ್ಯಾಕ್ಸೊಫೋನ್‌ಗಳನ್ನು ಸೇರಿಸಿದರು. ಸಂಪ್ರದಾಯಸ್ಥರು ಸಿಟ್ಟಾದರು. ಆದರೂ 1971ರಲ್ಲಿ ಉಡುಪಿಯ ಎಂ.ಜಿ.ಎಂ. ಕಾಲೇಜಿನ ಆಶ್ರಯದಲ್ಲಿ ಯಕ್ಷಗಾನ ಕೇಂದ್ರ ತೆರೆದಾಗ ಅದರ ಬೆನ್ನೆಲುಬಾಗಿ ನಿಂತವರು ಅವರೇ. ಉಳಿಸುವುದೆಂದರೆ ಪೆಟ್ಟಿಗೆಯಲ್ಲಿಟ್ಟು ಬೀಗ ಹಾಕುವುದಲ್ಲ, ಕಲಿಸುವುದು ಎಂದು ಅವರು ಮಾಡಿ ತೋರಿಸಿದರು.

ಇನ್ನು ಅವರ ಮನೆಯ ಕಡೆಗೆ ನೋಡೋಣ. 1936ರಲ್ಲಿ ಅವರು ಜಾತಿಯ ಗಡಿ ಮೀರಿ ಲೀಲಾ ಆಳ್ವರನ್ನು ವರಿಸಿದರು. ಪುತ್ತೂರಿನ ಬಾಲವನದಲ್ಲಿ ನಾಲ್ವರು ಮಕ್ಕಳು ಬೆಳೆದರು. ಹಿರಿಯ ಮಗ ಹರ್ಷ 1961ರಲ್ಲಿ ತೀರಿಹೋದಾಗ ಆ ಮನೆಗೆ ಬಡಿದ ಸಿಡಿಲನ್ನು ಮಕ್ಕಳನ್ನು ಕಳೆದುಕೊಂಡ ತಂದೆತಾಯಿಗಳು ಬಲ್ಲರು. 1986ರಲ್ಲಿ ಲೀಲಾ ಅವರೂ ಅಗಲಿದರು. 1997ರ ಡಿಸೆಂಬರ್ 9ರಂದು, 95 ವರ್ಷ ದಾಟಿದ ಕಾರಂತರು ಮಣಿಪಾಲದಲ್ಲಿ ಕೊನೆಯುಸಿರೆಳೆದರು.

ಇಷ್ಟು ದೊಡ್ಡ ಮರದ ನೆರಳಿನಲ್ಲಿ ಮಕ್ಕಳು ಏನು ಮಾಡಬೇಕು? ಉಲ್ಲಾಸ ಕಾರಂತರು ಹುಲಿಗಳ ಅಧ್ಯಯನದಲ್ಲಿ ಹೆಸರಾದರು. ಮಾಳವಿಕಾ ಕಪೂರರು ಮಕ್ಕಳ ಮನಶ್ಶಾಸ್ತ್ರವನ್ನು ಆರಿಸಿಕೊಂಡರು. ತಂದೆಯಂತೆ ಕಾದಂಬರಿಕಾರರಾಗಲು ಅವರು ಹೊರಡಲಿಲ್ಲ. ಆದರೆ 2021ರಲ್ಲಿ ಉಲ್ಲಾಸ, ಮಾಳವಿಕಾ, ಕ್ಷಮಾ ಮೂವರೂ ಸೇರಿ ‘ಗ್ರೋಯಿಂಗ್ ಅಪ್ ಕಾರಂತ್’ ಎಂಬ ಇಂಗ್ಲಿಷ್ ಪುಸ್ತಕದಲ್ಲಿ ತಾವು ಬೆಳೆದ ಮನೆಯನ್ನು ಲೋಕದ ಮುಂದಿಟ್ಟರು. ಲೋಕಕ್ಕೆ ಗೊತ್ತಿದ್ದದ್ದು ಪ್ರಶಸ್ತಿ ಪಡೆದ ಕಾರಂತರು. ಮನೆಯೊಳಗಿನ ತಂದೆ ಗೊತ್ತಿದ್ದದ್ದು ಮಕ್ಕಳಿಗೆ ಮಾತ್ರ. ಅವರು ಬರೆಯದಿದ್ದರೆ ಅದು ಅವರೊಂದಿಗೇ ಮುಗಿಯುತ್ತಿತ್ತು.

ಸಾಲಿಗ್ರಾಮದಲ್ಲಿ ಇನ್ನೊಂದು ಮಾತು ನೆನೆಯಬೇಕು. ಹೆತ್ತ ಮಗಳಲ್ಲದಿದ್ದರೂ ಅವರ ಲಿಪಿಕಾರ್ತಿಯಾಗಿ ದುಡಿದ ಮಾಲಿನಿ ಮಲ್ಯರು ಅವರ ಚದುರಿದ ಲೇಖನಗಳನ್ನು ಹುಡುಕಿ ಸಂಪುಟಗಳಾಗಿ ಹೊರತಂದರು. ಆಸ್ತಿ ಕಾಯಲು ರಕ್ತಸಂಬಂಧವೊಂದೇ ಬೇಕಿಲ್ಲ, ಪ್ರೀತಿ ಸಾಕು.

ಕಾರಂತರು ದೇವರನ್ನು ನಂಬಿದವರಲ್ಲ, ಅದನ್ನು ಮುಚ್ಚಿಡಲೂ ಇಲ್ಲ. ನಂಬಿಕೆಯಲ್ಲಿ ಅವರು ನಮ್ಮಿಂದ ದೂರವಿದ್ದರೂ ಅವರ ಮನೆಯಿಂದ ನಾವು ಕಲಿಯುವುದಿದೆ. ನಿಮ್ಮ ತಂದೆ ಹಾಡುಗಾರರೇ? ತಾಯಿ ಹಳೆಯ ಕಥೆಗಳನ್ನು ಬಲ್ಲವರೇ? ಅವರು ಬದುಕಿರುವಾಗಲೇ ಪಕ್ಕದಲ್ಲಿ ಕುಳಿತು ಕೇಳಿ, ಬರೆದಿಡಿ, ನಿಮ್ಮ ಮಕ್ಕಳಿಗೂ ಕಲಿಸಿ. ಜಾಗವನ್ನು ಪಾಲು ಮಾಡಿದರೆ ಚಿಕ್ಕದಾಗುತ್ತದೆ. ಈ ಆಸ್ತಿ ಹಂಚಿದಷ್ಟೂ ಬೆಳೆಯುತ್ತದೆ.