ಮೌನ ಮುರಿದ ಕಂಠ

ಅಮೆರಿಕದ ಗಾಯಕಿ ಮಿನ್ನಿ ರಿಪರ್ಟನ್ 1947ರಲ್ಲಿ ಶಿಕಾಗೋ ನಗರದಲ್ಲಿ, ಎಂಟು ಮಕ್ಕಳಲ್ಲಿ ಕಿರಿಯವರಾಗಿ ಜನಿಸಿದರು. ಅತ್ಯುಚ್ಚ ಸ್ವರಗಳನ್ನೂ ನಿರಾಯಾಸವಾಗಿ ಮುಟ್ಟುತ್ತಿದ್ದ ಅವರ ಹಾಡೊಂದು 1975ರಲ್ಲಿ ಆ ದೇಶದ ಜನಪ್ರಿಯ ಗೀತೆಗಳ ಪಟ್ಟಿಯಲ್ಲಿ ಮೊದಲ ಸ್ಥಾನಕ್ಕೇರಿತು. ಮರುವರ್ಷವೇ ಸ್ತನ ಕ್ಯಾನ್ಸರ್ ಪತ್ತೆಯಾಗಿ, ಶಸ್ತ್ರಚಿಕಿತ್ಸೆಗೆ ಒಳಗಾದರು. ಈ ಕಾಯಿಲೆಯ ಹೆಸರೆತ್ತಲೂ ಸ್ತ್ರೀಯರು ಸಂಕೋಚಪಡುತ್ತಿದ್ದ ಕಾಲವದು. ಮಿನ್ನಿಯವರು ಟಿ.ವಿ. ಸಂದರ್ಶನದಲ್ಲಿಯೇ ಅದನ್ನು ನಾಡಿಗೆ ತಿಳಿಸಿದರು, ಅಮೆರಿಕನ್ ಕ್ಯಾನ್ಸರ್ ಸೊಸೈಟಿಯ ವಕ್ತಾರರಾಗಿ ಜಾಗೃತಿ ಮೂಡಿಸಿದರು, ಹಾಡುವುದನ್ನೂ ನಿಲ್ಲಿಸಲಿಲ್ಲ. 1979ರ ಜುಲೈ 12ರಂದು, 31ನೆಯ ವಯಸ್ಸಿನಲ್ಲಿ, ಇಬ್ಬರು ಎಳೆಯ ಮಕ್ಕಳನ್ನು ಅಗಲಿದರು.

ಎದೆಯಲ್ಲಿ ಗಂಟು ಕಂಡರೂ, ಮಕ್ಕಳ ಪರೀಕ್ಷೆ ಮುಗಿಯಲೆಂದು ಸುಮ್ಮನಿರುವ ತಾಯಂದಿರು ನಮ್ಮಲ್ಲಿಯೂ ಇದ್ದಾರೆ. ಸಂಕೋಚ ತೊರೆದು ಮನೆಯವರಿಗೆ ತಿಳಿಸಿ, ತಡಮಾಡದೆ ವೈದ್ಯರನ್ನು ಕಾಣಬೇಕೆಂಬುದೇ ಈ ಬದುಕು ಕಲಿಸುವ ಪಾಠ.