ಮೇಷ್ಟ್ರಾಗಿಯೇ ಉಳಿದ ಪಂತುಲು

ಶಾಲೆಯ ಐವತ್ತನೇ ವರ್ಷದ ಸಂಚಿಕೆಗೆ ಸಿನಿಮಾದವರ ಕಥೆ ಏಕೆ ಎಂದು ನಮ್ಮ ಹಿರಿಯರು ಕೇಳಬಹುದು. ಬಿ.ಆರ್. ಪಂತುಲು ಅವರು ಬಣ್ಣ ಹಚ್ಚುವ ಮೊದಲು ಶಾಲಾ ಮೇಷ್ಟ್ರಾಗಿದ್ದರು. ಅದಕ್ಕೇ ಅವರನ್ನು ಆರಿಸಿಕೊಂಡೆ.

ಬೂದಗೂರು ರಾಮಕೃಷ್ಣಯ್ಯ ಪಂತುಲು ಹುಟ್ಟಿದ್ದು 1910ರಲ್ಲಿ, ಈಗ ಆಂಧ್ರದಲ್ಲಿರುವ ಕುಪ್ಪಂ ಸೀಮೆಯಲ್ಲಿ. ಮೇಷ್ಟ್ರ ಕೆಲಸ ಬಿಟ್ಟು ಪೀರ್ ಸಾಹೇಬರ ಚಂದ್ರಕಲಾ ನಾಟಕ ಮಂಡಳಿ ಸೇರಿದರು. 1936ರಲ್ಲಿ ‘ಸಂಸಾರ ನೌಕ’ ಚಿತ್ರದಲ್ಲಿ ನಟಿಸಿದರು. ನಾಯಕಿ ಎಂ.ವಿ. ರಾಜಮ್ಮ. ಮುಂದೆ ಪದ್ಮಿನಿ ಪಿಕ್ಚರ್ಸ್ ಕಟ್ಟಿ ನಿರ್ಮಾಪಕರಾದರು, 1957ರಲ್ಲಿ ‘ರತ್ನಗಿರಿ ರಹಸ್ಯ’ದಿಂದ ಕನ್ನಡದಲ್ಲಿ ನಿರ್ದೇಶಕರೂ ಆದರು.

ಮರುವರ್ಷ ಬಂದದ್ದು ‘ಸ್ಕೂಲ್ ಮಾಸ್ಟರ್’. ನಿರ್ಮಾಣ, ನಿರ್ದೇಶನ, ಮೇಷ್ಟ್ರ ಪಾತ್ರ, ಮೂರೂ ಅವರದೇ. ಹಳ್ಳಿಯ ಶಾಲೆಯನ್ನು ಎತ್ತಿ ನಿಲ್ಲಿಸಿದ ಪ್ರಾಮಾಣಿಕ ಮೇಷ್ಟ್ರು ಮುಪ್ಪಿನಲ್ಲಿ ಮಕ್ಕಳಿಗೆ ಭಾರವಾಗುತ್ತಾರೆ. ತಂದೆ ಒಬ್ಬ ಮಗನ ಮನೆಯಲ್ಲಿ, ತಾಯಿ ಇನ್ನೊಬ್ಬನ ಮನೆಯಲ್ಲಿ. ಕೊನೆಗೆ ಕೈಹಿಡಿಯುವವನು ಪೊಲೀಸ್ ಅಧಿಕಾರಿಯಾಗಿರುವ ಹಳೆಯ ವಿದ್ಯಾರ್ಥಿ. ಆ ಪಾತ್ರ ಮಾಡಿದವರು ಶಿವಾಜಿ ಗಣೇಶನ್. ಹಳೆಯ ವಿದ್ಯಾರ್ಥಿಗಳಾದ ನಮಗೆ ಈ ಕಥೆ ಬೇಗ ತಟ್ಟುತ್ತದೆ.

ಆಮೇಲೆ ಕನ್ನಡ, ತಮಿಳು ಎರಡರಲ್ಲೂ ಬಿಡುವಿಲ್ಲದ ದುಡಿಮೆ. ತಮಿಳಿನಲ್ಲಿ ‘ವೀರಪಾಂಡ್ಯ ಕಟ್ಟಬೊಮ್ಮನ್’ (1959), ‘ಕರ್ಣನ್’ (1964). ಕನ್ನಡದಲ್ಲಿ ಬಿ. ಸರೋಜಾದೇವಿ ರಾಣಿಯಾದ ‘ಕಿತ್ತೂರು ಚೆನ್ನಮ್ಮ’ (1961). ಜಯಲಲಿತಾ ಅವರನ್ನು ನಾಯಕಿಯಾಗಿ ಪರಿಚಯಿಸಿದ್ದು 1964ರ ‘ಚಿನ್ನದ ಗೊಂಬೆ’. 1970ರ ‘ಶ್ರೀ ಕೃಷ್ಣದೇವರಾಯ’ದಲ್ಲಿ ರಾಜಕುಮಾರ್ ದೊರೆ, ಪಂತುಲು ಮಂತ್ರಿ ತಿಮ್ಮರಸು. ಆ ಪಾತ್ರಕ್ಕೆ ರಾಜ್ಯದ ಶ್ರೇಷ್ಠ ನಟ ಪ್ರಶಸ್ತಿ ಅವರಿಗೇ ಬಂತು.

ನಾನು ಸಾಫ್ಟ್‌ವೇರ್ ಕೆಲಸದವನು. ಪರದೆಯ ಮೇಲೆ ಕಾಣುವುದರ ಹಿಂದೆ ಕಾಣದ ಕೈಗಳು ಎಷ್ಟಿರುತ್ತವೆ ಎಂಬುದು ನನಗೆ ದಿನವೂ ಗೊತ್ತಾಗುತ್ತದೆ. ಆದ್ದರಿಂದ ಪಂತುಲು ಅವರ ಚಿತ್ರಗಳಿಗಿಂತ ಅವರು ತಯಾರು ಮಾಡಿದ ಶಿಷ್ಯನೇ ನನಗೆ ದೊಡ್ಡದಾಗಿ ಕಾಣುತ್ತಾನೆ. ಅವರ ಬಳಿ ಸಹಾಯಕರಾಗಿ ಕೆಲಸ ಕಲಿತವರು ಪುಟ್ಟಣ್ಣ ಕಣಗಾಲ್. ಗುರುಗಳ ‘ಸ್ಕೂಲ್ ಮಾಸ್ಟರ್’ ಕಥೆಯನ್ನು 1964ರಲ್ಲಿ ಮಲಯಾಳದಲ್ಲಿ ನಿರ್ದೇಶಿಸಿದವರು ಅವರೇ. 1974ರಲ್ಲಿ ಪಂತುಲು ತೀರಿಕೊಂಡಾಗ ‘ಕಾಲೇಜು ರಂಗ’ದ ಕೆಲಸ ಉಳಿದುಹೋಗಿತ್ತು. ಅದನ್ನೂ ಪುಟ್ಟಣ್ಣ ಕೈಗೆತ್ತಿಕೊಂಡು ಮುಗಿಸಿದರು, 1976ರಲ್ಲಿ ತೆರೆಗೆ ಬಂತು. ಮಗಳು ಬಿ.ಆರ್. ವಿಜಯಲಕ್ಷ್ಮಿ ಕ್ಯಾಮೆರಾ ಹಿಡಿದು ಛಾಯಾಗ್ರಾಹಕಿಯಾದರು, ಅದೂ ಆ ಕೆಲಸದಲ್ಲಿ ಹೆಂಗಸರು ಇಲ್ಲವೆನ್ನುವಷ್ಟು ವಿರಳವಾಗಿದ್ದ ಕಾಲದಲ್ಲಿ.

ಹೀಗೆ ಸಿನಿಮಾದಲ್ಲಿ ಶಿಷ್ಯ ಮಾಡಿದ್ದನ್ನು ಬದುಕಿನಲ್ಲೂ ಒಬ್ಬ ಶಿಷ್ಯ ಮಾಡಿ ತೋರಿಸಿದ. ನಮಗೆ ಅಕ್ಷರ ಕಲಿಸಿದ ಮೇಷ್ಟ್ರುಗಳಲ್ಲಿ ಹಲವರು ಈಗ ನಿವೃತ್ತರು, ಕೆಲವರು ಒಂಟಿಯಾಗಿದ್ದಾರೆ. ಸಮಾರಂಭದ ದಿನ ಶಾಲು ಹೊದಿಸಿದರೆ ಋಣ ತೀರುವುದಿಲ್ಲ. ಮರುದಿನ ಅವರ ಮನೆಯ ಬಾಗಿಲು ತಟ್ಟೋಣ, ಅವರು ಅರ್ಧಕ್ಕೆ ಬಿಟ್ಟ ಕೆಲಸ ಯಾವುದಿದೆ ಎಂದು ಕೇಳೋಣ.